ಜೆಕೊಸ್ಲೊವಾಕಿಯದ ಅಂಗಸಾಧಕಿಯರು

ಹೆಣ್ಣುಮಕ್ಕಳ ಶಾಲೆಗಳಲ್ಲಿ ಅಂಗಸಾಧನೆಯ ಪಾಠವು ಬಂದು ಬಹುಕಾಲವಾಯಿತು. ಆದರೂ ಅದನ್ನು ಕುರಿತ ಎರಡು ಆಕ್ಷೇಪಣೆಗಳು ಇನ್ನೂ ನಮ್ಮ ಕಿವಿಗೆ ಬೀಳುತ್ತಲೇ ಇರುತ್ತವೆ. ಮೊದಲನೆಯದು ತಾಯ್ತಂದೆಗಳದು. ಹನ್ನೆರಡು ಹದಿಮೂರು ವಯಸ್ಸು ಕಳೆದು ದೊಡ್ಡವಳಾದ ಹುಡುಗಿಗೆ ಈ ಜಿಗಿತ ನೆಗೆತಗಳೇಕೆ, ಓದು ಬರಹ ಹೊಲಿಗೆಗಳನ್ನು ಕಲಿತರೆ ಸಾಲದೇ ಎಂದು ಅವರು ಕೇಳುತ್ತಾರೆ. ಎರಡನೆಯದು ಮೇಲಿನ ತರಗತಿಯ ಬುದ್ಧಿವಂತೆಯರಾದ ಹುಡುಗಿಯರದು. ಸೀಟಿ ಊದಿದೊಡನೆ ನೂರು ಮಂದಿ ಒಟ್ಟಿಗೆ ಕೈಯೆತ್ತುವದೂ, ಒಂದೇ ಕಡೆಗೆ ತಲೆ ತಿರುಗಿಸುವದೂ ಮನುಷ್ಯರನ್ನು ಗೊಂಬೆಗಳನ್ನಾಗಿ ಮಾಡುವ ಪಾಠವಲ್ಲವೇ. ಹೇಳಿದಂತೆ ಕೇಳುವ ಅಭ್ಯಾಸವು ಮನೆಯಲ್ಲಿ ಸಾಲದೆಂದು ಶಾಲೆಯಲ್ಲಿಯೂ ಬೇಕೇ ಎಂಬದು ಅವರ ಪ್ರಶ್ನೆ. ಮೊದಲನೆಯ ಆಕ್ಷೇಪಣೆಗೆ ವೈದ್ಯರು ಉತ್ತರ ಕೊಡಬಲ್ಲರು. ಎರಡನೆಯದನ್ನು ನಾವು ಹಗುರವಾಗಿ ಎಣಿಸಲಾರೆವು. ಯಾಕಂದರೆ ಡ್ರಿಲ್ಲನ್ನು ಹಾಗೆಯೇ ಉಪಯೋಗಿಸಿಕೊಂಡ ಅರಸರೂ ಸರದಾರರೂ ಲೋಕದಲ್ಲಿ ಆಗಿಹೋಗಿದ್ದಾರೆ. ಆದುದರಿಂದ ಬರಿಯ ಉಪದೇಶವನ್ನು ಬಿಟ್ಟು, ಅಂಗಸಾಧನೆಯಲ್ಲಿ ಲೋಕಪ್ರಸಿದ್ಧರಾದ ಒಂದು ದೇಶದ ಹೆಣ್ಣುಮಕ್ಕಳ ಚರಿತ್ರೆಯನ್ನು ಇಲ್ಲಿ ವಿವರಿಸಬೇಕೆಂದು ಎಣಿಸಿದ್ದೇವೆ.

ಆ ದೇಶವು ಜೆಕೊಸ್ಲೊವಾಕಿಯ. ಯೂರೋಪಿನ ಭೂಪಟವನ್ನು ಬಿಡಿಸಿದರೆ ನಡುವಿನಲ್ಲಿ, ಸಮುದ್ರತೀರವಿಲ್ಲದೆ, ದೊಡ್ಡ ರಾಜ್ಯಗಳ ಮಧ್ಯೆ ಸಿಕ್ಕಿಕೊಂಡಂತಿದ್ದ ಸಣ್ಣ ದೇಶವದು. 1918ರಲ್ಲಿ ಸ್ವತಂತ್ರವಾಗಿ, 1993ರಲ್ಲಿ ಜೆಕ್ ಗಣರಾಜ್ಯವೆಂದೂ ಸ್ಲೊವಾಕಿಯವೆಂದೂ ಎರಡಾಯಿತು. ಆದರೆ ಅಂಗಸಾಧನೆಯ ಕಥೆಯು ದೇಶದ ಹುಟ್ಟಿಗಿಂತಲೂ ಹಿಂದಿನದು.

1862ರಲ್ಲಿ ಜೆಕ್ ಜನರು ಆಸ್ಟ್ರಿಯದ ಚಕ್ರವರ್ತಿಯ ಕೈಕೆಳಗಿದ್ದರು. ಕಚೇರಿಯ ಭಾಷೆ ಜರ್ಮನ್. ಜೆಕ್ ಭಾಷೆಯು ಬಹುಮಟ್ಟಿಗೆ ಒಕ್ಕಲಿಗರ ಮನೆಯ ಮಾತು. ಆ ವರ್ಷ ಪ್ರಾಗ್ ನಗರದಲ್ಲಿ ಮಿರೊಸ್ಲಾವ್ ತಿರ್ಶ್ ಎಂಬ ವಿದ್ವಾಂಸರೂ ಯಿಂಡ್ರಿಖ್ ಫ್ಯೂಗ್ನರ್ ಎಂಬ ವ್ಯಾಪಾರಸ್ಥರೂ ಸೇರಿ ಒಂದು ಅಂಗಸಾಧನೆಯ ಸಂಘವನ್ನು ಸ್ಥಾಪಿಸಿದರು. ಅದಕ್ಕೆ ಸೊಕೊಲ್ ಎಂದು ಹೆಸರಾಯಿತು. ಸೊಕೊಲ್ ಎಂದರೆ ಡೇಗೆ ಹಕ್ಕಿ. ಸಂಘದವರು ಪಂಡಿತನಾಗಲಿ, ಅಂಗಡಿಯವನಾಗಲಿ, ಕಮ್ಮಾರನಾಗಲಿ ಒಬ್ಬರನ್ನೊಬ್ಬರು ಅಣ್ಣತಮ್ಮಂದಿರಂತೆ ಕರೆಯಬೇಕೆಂಬದು ನಿಯಮವಾಗಿತ್ತು. ಕೆಲವು ವರ್ಷಗಳಿಗೊಮ್ಮೆ ಊರೂರಿನ ಶಾಖೆಗಳವರೆಲ್ಲ ಪ್ರಾಗ್ ನಗರದಲ್ಲಿ ನೆರೆದು ಬಯಲಿನಲ್ಲಿ ಒಟ್ಟಿಗೆ ಡ್ರಿಲ್ಲು ಮಾಡುತ್ತಿದ್ದರು. ಈ ಮಹಾಕೂಟಕ್ಕೆ ಸ್ಲೆಟ್ ಎಂದು ಹೆಸರು. ಹಕ್ಕಿಗಳು ಹಾರಿಬಂದು ಒಂದೆಡೆ ಇಳಿಯುವದೆಂದು ಆ ಮಾತಿನ ಅರ್ಥ. ಮೊದಲನೆಯ ಸ್ಲೆಟ್ 1882ರಲ್ಲಿ ನಡೆಯಿತು.

ಇಲ್ಲಿ ಉಪಾಧ್ಯಾಯಿನಿಯರು ಗಮನಿಸತಕ್ಕ ಒಂದು ಸಂಗತಿಯುಂಟು. ಆ ತನಕ ಅಂಗಸಾಧನೆಯ ಆಜ್ಞೆಗಳೆಲ್ಲ ಜರ್ಮನ್ ಭಾಷೆಯಲ್ಲಿದ್ದವು. ತಿರ್ಶ್ ಅವರು ಒಂದೊಂದು ಚಲನೆಗೂ, ಒಂದೊಂದು ನಿಲುವಿಗೂ ಜೆಕ್ ಮಾತನ್ನು ಹುಡುಕಿ ಇಟ್ಟರು. ತಮ್ಮ ಮಾತಿನಲ್ಲಿ ಆಜ್ಞೆಯನ್ನು ಕೇಳಿ ಕೈಕಾಲು ಆಡಿಸಿದ ಜನರು ಆ ಮಾತನ್ನು ಕೀಳೆಂದು ಎಣಿಸದೆ ಹೋದರು. ನಮ್ಮ ಅಂಗಳಗಳಲ್ಲಿ ಇಂದಿಗೂ ‘ಅಟೆನ್ಶನ್’, ‘ಸ್ಟ್ಯಾಂಡ್ ಅಟ್ ಈಸ್’ ಎಂಬ ಕೂಗೇ ಕೇಳಿಬರುತ್ತದೆ. ಕನ್ನಡದಲ್ಲಿ ಆಜ್ಞೆ ಕೊಟ್ಟರೆ ಹುಡುಗಿಯರು ನಗುತ್ತಾರೆಂದು ಡ್ರಿಲ್ ಮಾಸ್ತರರು ಹೇಳುವದುಂಟು. ನಾಲ್ಕು ದಿನ ನಕ್ಕು ಐದನೆಯ ದಿನ ಸುಮ್ಮನಾಗುವರೆಂದು ನಮ್ಮ ಅಭಿಪ್ರಾಯ.

ಸೊಕೊಲ್ ಸಂಘವು ಮೊದಲು ಗಂಡಸರದಾಗಿತ್ತು. ಹೆಂಗಸರು ಸುಮ್ಮನೆ ಕಾಯಲಿಲ್ಲ. 1869ರಲ್ಲಿ ಪ್ರಾಗ್ ನಗರದ ಗೃಹಿಣಿಯರಿಗೂ ಕನ್ಯೆಯರಿಗೂ ಎಂದು ಬೇರೆಯೇ ಒಂದು ಅಂಗಸಾಧನೆಯ ಸಂಘವು ಹುಟ್ಟಿತು. ಕ್ಲೆಮೆನ್ಯಾ ಹನುಶೊವಾ ಎಂಬವರು ಅದರಲ್ಲಿ ಉಪಾಧ್ಯಾಯಿನಿಯಾದರು. ಉದ್ದ ಲಂಗದ ಆ ಕಾಲದಲ್ಲಿ ಸಭ್ಯ ಮನೆತನದ ಹೆಣ್ಣುಮಗಳು ಹಗ್ಗ ಹತ್ತುವದೆಂದರೆ ಊರಿನ ನಾಲಿಗೆಗೆ ಎಷ್ಟು ಕೆಲಸವಾಯಿತೆಂದು ನಾವು ಊಹಿಸಿಕೊಳ್ಳಬಹುದು. ಸ್ಲೆಟ್ ಬಯಲಿಗೆ ಹೆಂಗಸರು ಇಳಿದದ್ದು 1901ರಲ್ಲಿ, ಎಂದರೆ ಮೂವತ್ತೆರಡು ವರ್ಷಗಳ ಮೇಲೆ. ಆ ಮೂವತ್ತೆರಡು ವರ್ಷವೂ ಅವರು ನಾಲ್ಕು ಗೋಡೆಗಳೊಳಗೆ ಕಲಿಯುತ್ತಲೇ ಇದ್ದರು.

ಇನ್ನು ಸ್ಪರ್ಧೆಯ ವಿಚಾರ. ಇದನ್ನು ಕಣ್ಣಾರೆ ನೋಡದವರಿಗಾಗಿ ಸ್ವಲ್ಪ ವಿವರಿಸುವದು ಅವಶ್ಯ. ಈಗಿನ ಕ್ರಮದಲ್ಲಿ ಹೆಂಗಸರು ನಾಲ್ಕು ಬಗೆಯ ಸಾಧನೆಗಳನ್ನು ತೋರಿಸುತ್ತಾರೆ. ಓಡಿಬಂದು ಎತ್ತರದ ಸಾಧನವೊಂದರ ಮೇಲೆ ಕೈಯೂರಿ ಅತ್ತ ಹಾರುವದು ಒಂದು. ಹಿಂದೆ ಈ ಸಾಧನಕ್ಕೆ ಕುದುರೆಯೆಂದೇ ಹೆಸರಿತ್ತು. ಒಂದು ಎತ್ತರಕ್ಕೂ ಇನ್ನೊಂದು ತಗ್ಗಿಗೂ ಇರುವ ಎರಡು ಅಡ್ಡಸರಳುಗಳನ್ನು ಹಿಡಿದು ತೂಗಿ ತಿರುಗುವದು ಎರಡನೆಯದು. ಸುಮಾರು ಹದಿನಾರು ಅಡಿ ಉದ್ದ, ನಾಲ್ಕಡಿ ಎತ್ತರ, ನಾಲ್ಕಂಗುಲ ಮಾತ್ರ ಅಗಲವಿರುವ ತೊಲೆಯ ಮೇಲೆ ನಡೆದು, ಕುಣಿದು, ಲಾಗ ಹಾಕುವದು ಮೂರನೆಯದು. ನೆಲದ ಮೇಲೆ ಸಂಗೀತಕ್ಕೆ ಸರಿಯಾಗಿ ಮಾಡುವ ಸಾಧನೆ ನಾಲ್ಕನೆಯದು. ನಮ್ಮ ಬಡಗಣ ಜಿಲ್ಲೆಗಳ ಹುಡುಗರು ಮಲ್ಲಕಂಬದ ಮೇಲೆ ಆಡುವದನ್ನು ಕಂಡವರು ಈ ವಿದ್ಯೆಯ ಕಷ್ಟವನ್ನು ಅರಿಯಬಲ್ಲರು. ತೊಲೆಯ ಮೇಲೆ ಧೈರ್ಯಕ್ಕಿಂತ ಸಮಾಧಾನವೇ ಹೆಚ್ಚು ಬೇಕು. ಬೀಳುವೆನೆಂದು ನೆನಸಿದವಳು ಬೀಳುತ್ತಾಳೆ. ಬೀಳಲಾರೆನೆಂದು ಜಂಬಪಟ್ಟವಳು ಇನ್ನೂ ಬೇಗ ಬೀಳುತ್ತಾಳೆ.

ಒಲಿಂಪಿಕ್ ಕೂಟದಲ್ಲಿ ಹೆಂಗಸರ ಅಂಗಸಾಧನೆಯು 1928ರಲ್ಲಿ ಆಮ್ಸ್ಟರ್ಡಾಮಿನಲ್ಲಿ ಮೊದಲಾಯಿತು. ಆಗ ಒಬ್ಬೊಬ್ಬಳಿಗೆ ಬೇರೆ ಬೇರೆ ಪದಕವಿರಲಿಲ್ಲ. ತಂಡಕ್ಕೆ ಮಾತ್ರವೇ ಬಹುಮಾನ. 1948ರ ವರೆಗೂ ಈ ಪದ್ಧತಿಯೇ ನಡೆಯಿತು. ಜೆಕ್ ಹೆಂಗಸರಿಗೆ ಇದು ಹೇಳಿಮಾಡಿಸಿದಂತಿತ್ತು. ಅವರು ಹುಟ್ಟಿದಂದಿನಿಂದ ಕಲಿತದ್ದೇ ಕೂಡಿ ಮಾಡುವದು. 1934ರಲ್ಲಿ ಬುಡಾಪೆಸ್ಟಿನಲ್ಲಿ ಹೆಂಗಸರಿಗಾಗಿ ಮೊದಲನೆಯ ಜಾಗತಿಕ ಪಂದ್ಯ ನಡೆದಾಗ ಅವರ ತಂಡವು ಮೊದಲಾಯಿತು. ಅವರಲ್ಲಿ ವ್ಲಾಸ್ತಾ ಡೆಕಾನೊವಾ ಎಂಬಾಕೆ ಎಲ್ಲರಿಗಿಂತ ಮಿಗಿಲೆನಿಸಿದಳು. 1936ರಲ್ಲಿ ಬರ್ಲಿನ್ ಒಲಿಂಪಿಕ್ಕಿನಲ್ಲಿ ಜರ್ಮನರಿಗೆ ಚಿನ್ನವೂ ಇವರಿಗೆ ಬೆಳ್ಳಿಯೂ ದೊರೆತವು. 1938ರ ಬೇಸಿಗೆಯಲ್ಲಿ ತಮ್ಮ ಪ್ರಾಗ್ ನಗರದಲ್ಲಿಯೇ ನಡೆದ ಜಾಗತಿಕ ಪಂದ್ಯದಲ್ಲಿ ಮತ್ತೆ ಗೆದ್ದರು. ಅದೇ ವರ್ಷ ಸೆಪ್ಟೆಂಬರಿನಲ್ಲಿ ಮ್ಯೂನಿಕ್ ಒಪ್ಪಂದವಾಗಿ ಅವರ ದೇಶದ ಅಂಚುಗಳು ಹಿಟ್ಲರನ ಪಾಲಾದವು. ಮರುವರ್ಷ ಉಳಿದದ್ದೂ ಹೋಯಿತು.

ಸೊಕೊಲ್ ಸಂಘವನ್ನು ನಾಜಿಗಳು 1941ರಲ್ಲಿ ಮುಚ್ಚಿಸಿದರು. ನೂರಾರು ಮುಖಂಡರನ್ನು ಹಿಡಿದು ಸೆರೆಗೆ ಕಳುಹಿಸಿದರು. ಅವರಲ್ಲಿ ಅನೇಕರು ತಿರುಗಿ ಬರಲಿಲ್ಲ. ಬರಿಯ ಕಸರತ್ತಿನ ಸಂಘವಾಗಿದ್ದರೆ ಅದಕ್ಕೆ ಅಷ್ಟು ಹೆದರಬೇಕಾದ ಕಾರಣವಿರಲಿಲ್ಲ. ಆಸ್ಟ್ರಿಯದ ಸರಕಾರವೂ 1915ರಲ್ಲಿ ಅದನ್ನು ಮುಚ್ಚಿಸಿತ್ತು. ಗೊಂಬೆಗಳ ಸಂಘವನ್ನು ಯಾವ ಸರಕಾರವು ತಾನೇ ಮುಚ್ಚಿಸೀತು ಎಂದು ಆಕ್ಷೇಪಿಸುವ ನಮ್ಮ ಹುಡುಗಿಯರು ಇಲ್ಲಿ ಸ್ವಲ್ಪ ನಿಂತು ಯೋಚಿಸಲಿ.

ಯುದ್ಧವು ಮುಗಿದ ಮೇಲೆ ಸಂಘವು ಮತ್ತೆ ಎದ್ದಿತು. 1948ರ ಬೇಸಿಗೆಯಲ್ಲಿ ಹನ್ನೊಂದನೆಯ ಸ್ಲೆಟ್ ಎಂದು ಗೊತ್ತುಮಾಡಿದರು. ಅಷ್ಟರಲ್ಲಿ, ಫೆಬ್ರವರಿ ತಿಂಗಳಲ್ಲಿ, ಕಮ್ಯೂನಿಸ್ಟರು ಸರಕಾರವನ್ನು ಕೈವಶಮಾಡಿಕೊಂಡಿದ್ದರು. ಜೂನ್ ತಿಂಗಳಲ್ಲಿ ಅಧ್ಯಕ್ಷ ಎಡ್ವರ್ಡ್ ಬೆನೆಶ್ ಅವರು ಪದವಿಯನ್ನು ಬಿಟ್ಟು ಕ್ಲೆಮೆಂಟ್ ಗೊಟ್ವಾಲ್ಡನು ಆ ಸ್ಥಾನಕ್ಕೆ ಬಂದನು. ಜುಲೈ ತಿಂಗಳಲ್ಲಿ ಸ್ಲೆಟ್ ಸೇರಿದ್ದವರ ಮೆರವಣಿಗೆಯು ಪ್ರಾಗ್ ಬೀದಿಗಳಲ್ಲಿ ಹೊರಟಿತು. ಹೊಸ ಅಧ್ಯಕ್ಷನು ಎತ್ತರದ ವೇದಿಕೆಯ ಮೇಲೆ ನಿಂತಿದ್ದನು. ಡ್ರಿಲ್ಲಿನ ಮರ್ಯಾದೆಯೇನೆಂಬದನ್ನು ನಮ್ಮ ಹುಡುಗಿಯರೂ ಬಲ್ಲರು: ಮೆರವಣಿಗೆಯು ವೇದಿಕೆಯ ಎದುರಿಗೆ ಬಂದಾಗ ಮುಖವನ್ನು ಆ ಕಡೆಗೆ ತಿರುಗಿಸಿ ವಂದಿಸಬೇಕು. ಸೊಕೊಲ್ ಜನರು ಸಾಲು ತಪ್ಪದೆ, ಹೆಜ್ಜೆ ತಪ್ಪದೆ ಬಂದರು. ವೇದಿಕೆಯ ಎದುರಿಗೆ ಬಂದೊಡನೆ ಸಾಲು ಸಾಲಾಗಿ ಮುಖವನ್ನು ಆಚೆಯ ಕಡೆಗೆ ತಿರುಗಿಸಿಕೊಂಡು ಮುಂದೆ ಹೋದರು. ಕೆಲವು ಸಾಲಿನವರು ಬೆನೆಶ್ ಅವರ ಹೆಸರನ್ನು ಕೂಗಿದರು. ಯಾರೂ ಕಲ್ಲೆಸೆಯಲಿಲ್ಲ. ಇದಾದ ಮೇಲೆ ಸಂಘದೊಳಗಿಂದ ಬಹು ಮಂದಿಯನ್ನು ಹೊರಗೆ ಹಾಕಿದರು, ಕೆಲವರನ್ನು ಸೆರೆಹಿಡಿದರು. ಕೆಲವೇ ವರ್ಷಗಳಲ್ಲಿ ಸಂಘವು ಹೆಸರೂ ಉಳಿಯದಂತೆ ಸರಕಾರದ ಕ್ರೀಡಾ ಇಲಾಖೆಯಲ್ಲಿ ಕರಗಿಹೋಯಿತು.

ಆ ಸ್ಲೆಟ್ ಮುಗಿದು ಕೆಲವೇ ವಾರಗಳಾಗಿದ್ದವು. ಹೆಂಗಸರ ತಂಡವು ಲಂಡನ್ ಒಲಿಂಪಿಕ್ಕಿಗೆ ಹೊರಟಿತು. ತಂಡದಲ್ಲಿ ಮಿಸಾಕೊವಾ ಮನೆಯ ಅಕ್ಕತಂಗಿಯರಿಬ್ಬರಿದ್ದರು: ಮಿಲೊಸ್ಲಾವಾ ಮತ್ತು ಎಲಿಷ್ಕಾ. ಎಲಿಷ್ಕಾಳಿಗೆ ಇಪ್ಪತ್ತೆರಡು ವರ್ಷ. ಲಂಡನಿಗೆ ತಲಪಿದ ಕೂಡಲೆ ಆಕೆಗೆ ಕಾಯಿಲೆಯಾಯಿತು. ಅದು ಪೋಲಿಯೋ ರೋಗವೆಂದು ವೈದ್ಯರು ಕಂಡುಕೊಂಡರು. ಆ ರೋಗಕ್ಕೆ ಲಸಿಕೆಯು ಬಳಕೆಗೆ ಬಂದದ್ದು 1955ರಲ್ಲಿ. ಆಗ ಉಸಿರಾಟಕ್ಕಾಗಿ ಕಬ್ಬಿಣದ ಪೆಟ್ಟಿಗೆಯಂಥ ಯಂತ್ರದೊಳಗೆ ಮಲಗಿಸುವದಲ್ಲದೆ ಬೇರೆ ಉಪಾಯವಿರಲಿಲ್ಲ. ನಮ್ಮ ದೇಶದಲ್ಲಿಯೂ ಎಷ್ಟೋ ಮಕ್ಕಳ ಕಾಲನ್ನು ತೆಗೆದ ರೋಗವದು. ನಮ್ಮ ಹಳೆಯ ವಿದ್ಯಾರ್ಥಿನಿಯರಲ್ಲಿ ಕೆಲವರಿಗೆ ಅದರ ಹೆಸರನ್ನು ವಿವರಿಸಬೇಕಾದುದಿಲ್ಲ.

ಸ್ಪರ್ಧೆಯ ದಿನ ಬಂದಿತು. ಅಕ್ಕತಂಗಿಯರಲ್ಲಿ ಒಬ್ಬಳು ಆಸ್ಪತ್ರೆಯಲ್ಲಿ, ಇನ್ನೊಬ್ಬಳು ಸ್ಪರ್ಧೆಯ ಅಂಗಳದಲ್ಲಿ. ಎಲಿಷ್ಕಾಳ ಸ್ಥಾನಕ್ಕೆ ವೇರಾ ರೂಝಿಚ್ಕೊವಾ ಎಂಬ ಇಪ್ಪತ್ತು ವರ್ಷದ ಹುಡುಗಿಯನ್ನು ಇಳಿಸಿದರು. ಬದಲಿಯಾಗಿ ಬಂದವಳ ಮನಸ್ಸು ಆಗ ಹೇಗಿದ್ದಿರಬೇಕೆಂಬದನ್ನು ನಾವು ಎಷ್ಟೋ ಸಲ ನೆನಸಿದ್ದೇವೆ. ಗೆದ್ದರೆ ಆಕೆಯ ಸ್ಥಾನದಿಂದ ಗೆದ್ದಂತೆ. ಸೋತರೆ ಇವಳಿಂದಲೇ ಸೋತಂತೆ. ತಂಡದಲ್ಲಿ ಝ್ದೆಂಕಾ ವೆರ್ಮಿಝೊವ್ಸ್ಕಾ ಎಂಬ ಹಿರಿಯಳೂ ಇದ್ದಳು. ಆಕೆ ಹನ್ನೆರಡು ವರ್ಷಗಳ ಹಿಂದೆ ಬರ್ಲಿನಿನಲ್ಲಿ ಬೆಳ್ಳಿಯ ಪದಕವನ್ನು ಗೆದ್ದವಳು. ನಡುವೆ ಒಂದು ಮಹಾಯುದ್ಧವು ಕಳೆದುಹೋಗಿದ್ದರೂ ಮರಳಿ ಬಂದಿದ್ದಳು. ಎಂಟು ಮಂದಿಯೂ ಕೂಡಿ 445.45 ಅಂಕಗಳನ್ನು ಸಂಪಾದಿಸಿದರು. ಹಂಗೆರಿಯವರಿಗೆ 440.55, ಅಮೇರಿಕದವರಿಗೆ 422.63. ಚಿನ್ನವು ಜೆಕ್ ತಂಡದ್ದಾಯಿತು. ಎಲಿಷ್ಕಾ ಮಿಸಾಕೊವಾ ಅದೇ ಆಗಸ್ಟ್ 14ನೆಯ ತಾರೀಖು ತೀರಿಕೊಂಡಳು. ಬಹುಮಾನದ ಸಮಯದಲ್ಲಿ ಅವರ ದೇಶದ ಧ್ವಜವನ್ನು ಕಪ್ಪು ಪಟ್ಟಿ ಕಟ್ಟಿ ಏರಿಸಿದರು.

ಆ ತಂಡದೊಂದಿಗೆ ಲಂಡನಿಗೆ ಬಂದಿದ್ದ ಮಾರಿಯೆ ಪ್ರೊವಾಜ್ನೀಕೊವಾ ಅವರ ಹೆಸರನ್ನು ಉಪಾಧ್ಯಾಯಿನಿಯರಾದ ನಾವು ಮರೆಯಬಾರದು. ಅವರು 1931ರಿಂದ ಸೊಕೊಲ್ ಸಂಘದ ಹೆಂಗಸರ ವಿಭಾಗಕ್ಕೆ ಮುಖಂಡೆ. ಅಂತರರಾಷ್ಟ್ರೀಯ ಅಂಗಸಾಧನಾ ಮಂಡಲಿಯಲ್ಲಿ ಹೆಂಗಸರ ಸಮಿತಿಗೆ ಅಧ್ಯಕ್ಷಿಣಿ. ಒಲಿಂಪಿಕ್ ಕೂಟವು ಮುಗಿದಾಗ ತಾವು ತಾಯ್ನಾಡಿಗೆ ಹಿಂದಿರುಗುವದಿಲ್ಲವೆಂದು ಅವರು ಬಹಿರಂಗವಾಗಿ ತಿಳಿಸಿದರು. ಅಲ್ಲಿ ಈಗ ಸ್ವಾತಂತ್ರ್ಯವಿಲ್ಲವೆಂಬದೇ ಅವರು ಕೊಟ್ಟ ಕಾರಣ. ಒಲಿಂಪಿಕ್ ಕೂಟದಿಂದ ಹೀಗೆ ತಾಯ್ನಾಡಿಗೆ ಹಿಂದಿರುಗದೆ ಉಳಿದವರಲ್ಲಿ ಅವರೇ ಮೊದಲಿಗರೆಂದು ಹೇಳುತ್ತಾರೆ. ಆಗ ಅವರ ವಯಸ್ಸು ಐವತ್ತೇಳು. ಆ ವಯಸ್ಸಿನಲ್ಲಿ ನಮ್ಮಲ್ಲಿ ಅನೇಕರು ಪಿಂಚಣಿಯ ಕಾಗದಗಳನ್ನು ಹೊಂದಿಸಿಡುತ್ತಿರುತ್ತಾರೆ. ಅವರು ಗೊತ್ತಿಲ್ಲದ ದೇಶದಲ್ಲಿ ಹೊಸದಾಗಿ ಬದುಕನ್ನು ಆರಂಭಿಸಬೇಕಾಯಿತು. ಸಾವಿರಾರು ಹೆಣ್ಣುಮಕ್ಕಳಿಗೆ ಒಂದೇ ತಾಳಕ್ಕೆ ಕೈಯೆತ್ತುವದನ್ನು ಕಲಿಸಿದ್ದವರು ಇವರೇ ಎಂಬದನ್ನು ವಾಚಕರು ನೆನಪಿನಲ್ಲಿಡಬೇಕು.

1952ರಿಂದ ಕಾಲವು ಬದಲಾಯಿತು. ಸೋವಿಯತ್ ರಷ್ಯದ ಹೆಂಗಸರು ಆ ವರ್ಷ ಹೆಲ್ಸಿಂಕಿಯಲ್ಲಿ ಮೊದಲನೆಯ ಸಲ ಒಲಿಂಪಿಕ್ಕಿಗೆ ಬಂದು ಚಿನ್ನವನ್ನು ಕೊಂಡುಹೋದರು. ಜೆಕ್ ತಂಡಕ್ಕೆ ಕಂಚು ದೊರೆಯಿತು. ಅಲ್ಲಿಂದ ಹದಿನಾಲ್ಕು ವರ್ಷ ಒಲಿಂಪಿಕ್ಕಿನಲ್ಲಾಗಲಿ ಜಾಗತಿಕ ಪಂದ್ಯದಲ್ಲಾಗಲಿ ಸೋವಿಯತ್ ತಂಡವನ್ನು ಸೋಲಿಸಿದವರೇ ಇಲ್ಲ. 1960ರಲ್ಲಿ ರೋಮಿನಲ್ಲಿಯೂ 1964ರಲ್ಲಿ ಟೋಕಿಯೋದಲ್ಲಿಯೂ ಜೆಕ್ ತಂಡವು ಎರಡನೆಯದಾಗಿ ನಿಂತಿತು. 1966ರಲ್ಲಿ ಜರ್ಮನಿಯ ಡಾರ್ಟ್ಮುಂಡ್ ಎಂಬ ಊರಿನ ಜಾಗತಿಕ ಪಂದ್ಯದಲ್ಲಿ ಮಾತ್ರ ಗೆದ್ದಿತು. ಎಷ್ಟರಿಂದ ಗೆದ್ದಿತೆಂಬದನ್ನು ಲೆಕ್ಕದಲ್ಲಿ ಆಸಕ್ತಿಯುಳ್ಳ ಹುಡುಗಿಯರು ಹಲಗೆಯ ಮೇಲೆ ಮಾಡಿ ನೋಡಲಿ.

ಆ ಕಾಲದ ನಿಯಮವು ಹೀಗಿತ್ತು. ತಂಡದಲ್ಲಿ ಆರು ಮಂದಿ. ಪ್ರತಿಯೊಬ್ಬಳೂ ನಾಲ್ಕು ಸಾಧನೆಗಳನ್ನು ಎರಡೆರಡು ಸಲ ಮಾಡಬೇಕು: ಒಂದು ಸಲ ಎಲ್ಲರಿಗೂ ಒಂದೇ ಆಗಿ ಗೊತ್ತುಮಾಡಿದ ನಿಯತ ಸಾಧನೆ, ಇನ್ನೊಂದು ಸಲ ತಾನೇ ಜೋಡಿಸಿಕೊಂಡ ಸ್ವಂತ ಸಾಧನೆ. ಪ್ರತಿಯೊಂದಕ್ಕೂ ಹತ್ತು ಅಂಕಗಳು. ಆರು ಮಂದಿಯಲ್ಲಿ ಉತ್ತಮವಾದ ಐವರ ಅಂಕಗಳನ್ನು ಕೂಡುತ್ತಾರೆ. ಐದು, ನಾಲ್ಕು, ಎರಡು, ಹತ್ತು — ಗುಣಿಸಿದರೆ ಪೂರ್ಣಾಂಕವು 400. ಜೆಕ್ ತಂಡಕ್ಕೆ ಬಂದದ್ದು 383.625, ಸೋವಿಯತ್ ತಂಡಕ್ಕೆ 383.587. ಅಂತರವು 0.038. ಅದನ್ನು ನಲವತ್ತು ಸಾಧನೆಗಳಿಗೆ ಹಂಚಿದರೆ ಒಂದೊಂದಕ್ಕೆ ಅಂಕದ ಸಾವಿರದಲ್ಲೊಂದು ಪಾಲಿಗೂ ಕಡಿಮೆ. ಹಾರಿ ಇಳಿಯುವಾಗ ಕಾಲು ಒಂದು ಸಣ್ಣ ಹೆಜ್ಜೆ ಸರಿದರೂ ಇದಕ್ಕಿಂತ ಹೆಚ್ಚು ಅಂಕವು ಹೋಗುತ್ತದೆ. ಹಾಗಾದರೆ ಆ ಪಂದ್ಯವನ್ನು ಗೆದ್ದುಕೊಟ್ಟವರು ಯಾರು? ಪತ್ರಿಕೆಗಳವರು ತಂಡದ ಮೊದಲನೆಯವಳ ಹೆಸರನ್ನು ಬರೆದರು. ನಾವು ಐದನೆಯವಳ ಹೆಸರನ್ನು ಕೇಳುತ್ತೇವೆ. ಆಕೆಯು ತೊಲೆಯ ಮೇಲೆ ಒಂದು ಕ್ಷಣ ತೂಗಾಡಿ ಬೀಳದೆ ನಿಂತದ್ದೇ ಆ 0.038 ಆಗಿದ್ದೀತು. ಆರನೆಯವಳನ್ನೂ ಮರೆಯಲಾಗದು, ಇವಳ ಅಂಕವು ಲೆಕ್ಕಕ್ಕೆ ಬಾರದೆ ಹೋದರೂ ಇವಳು ಹಿಂದೆ ಇದ್ದಾಳೆಂಬ ಧೈರ್ಯದಿಂದಲೇ ಉಳಿದವರು ಕಷ್ಟವಾದದ್ದನ್ನು ಕೈಕೊಳ್ಳಲು ಸಾಧ್ಯವಾಯಿತು. ಈಗಿನ ಒಲಿಂಪಿಕ್ ನಿಯಮದಲ್ಲಿ ತಂಡಗಳ ಕೊನೆಯ ಸುತ್ತಿಗೆ ಒಂದೊಂದು ಸಾಧನದ ಮೇಲೆ ಮೂವರೇ ಹೋಗುತ್ತಾರೆ, ಮೂವರ ಅಂಕವನ್ನೂ ಕೂಡುತ್ತಾರೆ. ಒಬ್ಬಳ ತಪ್ಪನ್ನು ಮರೆಸುವ ದಾಕ್ಷಿಣ್ಯವಿಲ್ಲ. ನಿಯತ ಸಾಧನೆಗಳನ್ನಂತೂ 1996ರ ಒಲಿಂಪಿಕ್ಕಿನ ತರುವಾಯ ಎತ್ತಿಯೇ ಬಿಟ್ಟರು. ನಮಗೆ ಹಳೆಯ ಪದ್ಧತಿಯೇ ಮೆಚ್ಚಿಗೆ.

1966ರ ತಂಡದ ಮೊದಲನೆಯವಳು ವೇರಾ ಚಾಸ್ಲಾವ್ಸ್ಕಾ. ಆಕೆ 1942ರಲ್ಲಿ ಪ್ರಾಗ್ ನಗರದಲ್ಲಿ ಹುಟ್ಟಿದಳು. ಮೊದಲು ಮಂಜುಗಡ್ಡೆಯ ಮೇಲೆ ಜಾರುವ ನೃತ್ಯವನ್ನು ಕಲಿಯುತ್ತಿದ್ದಳು. ರೋಮಿನಲ್ಲಿ ತೊಲೆಯ ಸಾಧನೆಗೆ ಚಿನ್ನವನ್ನು ಗೆದ್ದ ಏವಾ ಬೊಸಾಕೊವಾ ಎಂಬ ಹಿರಿಯ ಅಂಗಸಾಧಕಿಯ ಮಾರ್ಗದರ್ಶನದಲ್ಲಿ ಈ ವಿದ್ಯೆಗೆ ಬಂದಳು. 1964ರಲ್ಲಿ ಟೋಕಿಯೋದಲ್ಲಿ ಮೂರು ಚಿನ್ನದ ಪದಕಗಳನ್ನು ಗೆದ್ದಳು. ಅಲ್ಲಿ ಆಕೆಯು ಹಿಂದೆ ಹಾಕಿದ ಲಾರಿಸಾ ಲತಿನಿನಾ ಎಂಬ ಸೋವಿಯತ್ ಸಾಧಕಿಯು ಆಗ ಇಪ್ಪತ್ತೊಂಬತ್ತು ವರ್ಷದ ತಾಯಿ. ಹನ್ನೆರಡಕ್ಕೆ ಮಗಳ ಆಟವನ್ನು ನಿಲ್ಲಿಸುವ ತಾಯ್ತಂದೆಗಳಿಗೆ ಇದನ್ನು ಓದಿ ಹೇಳಬಹುದು.

1968ರ ವಸಂತದಲ್ಲಿ ಜೆಕೊಸ್ಲೊವಾಕಿಯದ ಹೊಸ ಮುಖಂಡ ಅಲೆಕ್ಸಾಂಡರ್ ದುಬ್ಚೆಕ್ ಅವರು ಜನರಿಗೆ ಸ್ವಲ್ಪ ಸ್ವಾತಂತ್ರ್ಯವನ್ನು ಕೊಟ್ಟರು. ಜೂನ್ ತಿಂಗಳಲ್ಲಿ ಲೇಖಕ ಲುಡ್ವಿಕ್ ವಾಟ್ಸುಲಿಕ್ ಅವರು ಆ ಸ್ವಾತಂತ್ರ್ಯವನ್ನು ಮುಂದುವರಿಸಬೇಕೆಂದು ಬರೆದ ‘ಎರಡು ಸಾವಿರ ಮಾತುಗಳು’ ಎಂಬ ಪ್ರಕಟಣೆಗೆ ಚಾಸ್ಲಾವ್ಸ್ಕಾ ಸಹಿ ಹಾಕಿದಳು. ಆಗಸ್ಟ್ 20ರ ರಾತ್ರಿ ಸೋವಿಯತ್ ರಷ್ಯದ ಮತ್ತು ಅದರ ಮಿತ್ರರಾಜ್ಯಗಳ ಸೈನ್ಯಗಳು ದೇಶದೊಳಗೆ ನುಗ್ಗಿದವು. ಸಹಿ ಹಾಕಿದವರಿಗೆ ಬಂಧನದ ಭಯವಿದ್ದುದರಿಂದ ಆಕೆಯು ಮೊರಾವಿಯದ ಯೆಸೆನಿಕಿ ಎಂಬ ಬೆಟ್ಟಗಳಲ್ಲಿ ಅಡಗಿಕೊಂಡಳು. ಮೆಕ್ಸಿಕೋ ಒಲಿಂಪಿಕ್ಕಿಗೆ ಎರಡು ತಿಂಗಳೂ ಉಳಿದಿರಲಿಲ್ಲ. ಅಲ್ಲಿ ಸರಳುಗಳಿಲ್ಲ, ತೊಲೆಯಿಲ್ಲ. ಮರದ ಕೊಂಬೆಗಳನ್ನು ಹಿಡಿದು ತೂಗಿದಳು; ಬಿದ್ದ ಮರದ ದಿಮ್ಮಿಯ ಮೇಲೆ ನಡೆದಳು; ಹುಲ್ಲುಗಾವಲಿನಲ್ಲಿ ನೆಲದ ಸಾಧನೆಯನ್ನು ಮಾಡಿದಳು. ಭಾರಕ್ಕಾಗಿ ಆಲೂಗಡ್ಡೆಯ ಮೂಟೆಗಳನ್ನು ಎತ್ತಿದಳು. ಅಂಗೈಗಳು ಮೆತ್ತಗಾಗದಿರಲೆಂದು ಸಲಿಕೆ ಹಿಡಿದು ಕಲ್ಲಿದ್ದಲನ್ನು ಎತ್ತಿಹಾಕುತ್ತಿದ್ದಳು. ಸಾಮಾನುಗಳಿಲ್ಲದೆ ಅಂಗಸಾಧನೆಯ ಪಾಠವು ನಡೆಯದೆಂದು ವರ್ಷಾವಧಿ ವರದಿಯಲ್ಲಿ ಬರೆಯುವ ಶಾಲೆಗಳು ಅನೇಕವುಂಟು. ಅವುಗಳಲ್ಲಿ ನಮ್ಮದೂ ಒಂದು.

ಕಡೆಯ ಗಳಿಗೆಯಲ್ಲಿ ಆಕೆಗೆ ಹೊರಡಲು ಅಪ್ಪಣೆ ದೊರೆಯಿತು. ಅಕ್ಟೋಬರಿನಲ್ಲಿ ಮೆಕ್ಸಿಕೋ ನಗರದಲ್ಲಿ ಜೆಕ್ ತಂಡವನ್ನು ಕಂಡೊಡನೆ ಜನರು ಎದ್ದು ಚಪ್ಪಾಳೆ ತಟ್ಟಿದರು. ಚಾಸ್ಲಾವ್ಸ್ಕಾ ನೆಲದ ಸಾಧನೆಗೆ ಮೆಕ್ಸಿಕೋ ದೇಶದ ಜನಪದ ನೃತ್ಯವೊಂದರ ಸಂಗೀತವನ್ನೇ ಇಟ್ಟುಕೊಂಡಿದ್ದಳು. ತಂಡಗಳ ಸ್ಪರ್ಧೆಯಲ್ಲಿ ಸೋವಿಯತ್ತರಿಗೆ 382.85, ಇವರಿಗೆ 382.20, ಬೆಳ್ಳಿಯು ಬಂದಿತು. ಒಲಿಂಪಿಕ್ಕಿನಲ್ಲಿ ಜೆಕೊಸ್ಲೊವಾಕಿಯದ ಹೆಂಗಸರ ತಂಡಕ್ಕೆ ದೊರೆತ ಪದಕಗಳಲ್ಲಿ ಇದೇ ಕೊನೆಯದು. ಚಾಸ್ಲಾವ್ಸ್ಕಾಳಿಗೆ ಒಟ್ಟು ನಾಲ್ಕು ಚಿನ್ನ, ಎರಡು ಬೆಳ್ಳಿ. ತೊಲೆಯ ಸಾಧನೆಯಲ್ಲಿ ಸೋವಿಯತ್ ಹುಡುಗಿ ನತಾಲ್ಯಾ ಕುಚಿನ್ಸ್ಕಯಾ ಮೊದಲಾದಳು. ನೆಲದ ಸಾಧನೆಯಲ್ಲಿ ಲಾರಿಸಾ ಪೆತ್ರಿಕ್ ಎಂಬಾಕೆಯ ಹಿಂದಿನ ಸುತ್ತಿನ ಅಂಕವನ್ನು ತೀರ್ಪುಗಾರರು ಹೆಚ್ಚಿಸಿದ್ದರಿಂದ ಇಬ್ಬರೂ ಸಮನಾಗಿ, ಒಂದೇ ಮೆಟ್ಟಲಿನ ಮೇಲೆ ನಿಂತರು.

ಈ ಎರಡು ಸಲವೂ ಸೋವಿಯತ್ ರಾಷ್ಟ್ರಗೀತೆಯನ್ನು ಬಾರಿಸಿದರು. ಅದರ ಸೈನ್ಯವು ಆಗ ಪ್ರಾಗ್ ಬೀದಿಗಳಲ್ಲಿತ್ತು. ಚಾಸ್ಲಾವ್ಸ್ಕಾ ಮೆಟ್ಟಲಿನಿಂದ ಇಳಿಯಲಿಲ್ಲ, ಕೈಯೆತ್ತಲಿಲ್ಲ, ಪಕ್ಕದಲ್ಲಿದ್ದ ಹುಡುಗಿಗೆ ಅವಮಾನವಾಗುವ ಮಾತೊಂದನ್ನೂ ಆಡಲಿಲ್ಲ. ನೆಟ್ಟಗೆ ನಿಂತು, ಗೀತೆಯು ಮುಗಿಯುವ ವರೆಗೂ ತಲೆಯನ್ನು ಬಲಗಡೆಗೆ ತಿರುಗಿಸಿ ಕೆಳಗೆ ಬಾಗಿಸಿಕೊಂಡಿದ್ದಳು. ಇಪ್ಪತ್ತು ವರ್ಷಗಳ ಹಿಂದೆ ಪ್ರಾಗ್ ಬೀದಿಯಲ್ಲಿ ಸೊಕೊಲ್ ಸಾಲುಗಳು ಮಾಡಿದ್ದೂ ಇಷ್ಟೇ. ಆ ಮೆರವಣಿಗೆಯ ದಿನ ಆಕೆಯು ಆರು ವರ್ಷದ ಮಗು.

ಊರಿಗೆ ಬಂದ ಮೇಲೆ ಆಕೆಯು ತನ್ನ ನಾಲ್ಕು ಚಿನ್ನದ ಪದಕಗಳನ್ನು ದುಬ್ಚೆಕ್ ಮೊದಲಾದ ನಾಲ್ವರು ಮುಖಂಡರಿಗೆ ಕೊಟ್ಟುಬಿಟ್ಟಳು. ಕೆಲವೇ ತಿಂಗಳುಗಳಲ್ಲಿ ದುಬ್ಚೆಕ್ ಅವರು ಮುಖಂಡ ಪದವಿಯನ್ನು ಕಳೆದುಕೊಂಡರು. ‘ಎರಡು ಸಾವಿರ ಮಾತುಗಳಿ’ಗೆ ಹಾಕಿದ ಸಹಿಯನ್ನು ಹಿಂದೆ ತೆಗೆದುಕೊಂಡರೆ ಎಲ್ಲವೂ ಸರಿಹೋಗುವದೆಂದು ಅಧಿಕಾರಿಗಳು ಆಕೆಗೆ ತಿಳಿಸಿದರು. ಆಕೆ ಒಪ್ಪಲಿಲ್ಲ. ಏಳು ಒಲಿಂಪಿಕ್ ಚಿನ್ನಗಳನ್ನು ಗೆದ್ದವಳಿಗೆ ಹುಡುಗಿಯರಿಗೆ ಅಂಗಸಾಧನೆಯನ್ನು ಕಲಿಸುವ ಕೆಲಸವೂ ಬಹುಕಾಲ ದೊರೆಯಲಿಲ್ಲ. ಬೇರೆಯವರ ಮನೆಗಳನ್ನು ಗುಡಿಸಿ ತೊಳೆಯುವ ಕೆಲಸವನ್ನೂ ಮಾಡಬೇಕಾಯಿತು. ಸಹಿಯನ್ನು ಹಿಂದೆಗೆಯುವದೆಂದರೆ ಕಾಗದದ ಮೇಲೆ ಒಂದು ಗೆರೆ. ಆ ಒಂದು ಗೆರೆಯನ್ನು ಎಳೆಯದೆ ಇಪ್ಪತ್ತೊಂದು ವರ್ಷ ಇರುವದಕ್ಕೆ ಎಂಥ ಅಂಗಸಾಧನೆಯು ಬೇಕು! 1979ರಲ್ಲಿ ಮೆಕ್ಸಿಕೋ ದೇಶಕ್ಕೆ ಹೋಗಿ ಎರಡು ವರ್ಷ ಅಲ್ಲಿಯ ಹುಡುಗಿಯರಿಗೆ ಕಲಿಸಲು ಆಕೆಗೆ ಅಪ್ಪಣೆಯಾಯಿತು.

1989ರ ನವಂಬರಿನಲ್ಲಿ ಪ್ರಾಗ್ ಜನರು ರಕ್ತ ಹರಿಸದೆ ಆ ಸರಕಾರವನ್ನು ಇಳಿಸಿದರು. ಹೊಸ ಅಧ್ಯಕ್ಷ ವಾಟ್ಸ್ಲಾವ್ ಹಾವೆಲ್ ಅವರು ಚಾಸ್ಲಾವ್ಸ್ಕಾ ಅವರನ್ನು ತಮ್ಮ ಸಲಹೆಗಾರರನ್ನಾಗಿ ಮಾಡಿಕೊಂಡರು. ದೇಶದ ಒಲಿಂಪಿಕ್ ಸಮಿತಿಗೂ ಅವರು ಅಧ್ಯಕ್ಷಿಣಿಯಾದರು; 1995ರಲ್ಲಿ ಅಂತರರಾಷ್ಟ್ರೀಯ ಒಲಿಂಪಿಕ್ ಸಮಿತಿಯ ಸದಸ್ಯೆಯಾದರು. ನಡುವೆ ಅವರ ಮನೆಗೆ ಬಂದ ದೊಡ್ಡ ದುಃಖವು ಅವರನ್ನು ಎಷ್ಟೋ ವರ್ಷ ಜನರ ನಡುವಿನಿಂದ ದೂರ ಮಾಡಿತು. ಅದನ್ನು ಇಲ್ಲಿ ವಿವರಿಸುವದು ನಮ್ಮ ಕೆಲಸವಲ್ಲ. ಅವರು 2016ರ ಆಗಸ್ಟ್ 30ರಂದು ತೀರಿಕೊಂಡರು. ಲಂಡನಿನಲ್ಲಿ ಬದಲಿಯಾಗಿ ಇಳಿದ ವೇರಾ ರೂಝಿಚ್ಕೊವಾ ಅವರು ಇನ್ನೂ ಎರಡು ವರ್ಷ, ತೊಂಬತ್ತರ ವರೆಗೆ, ಬದುಕಿದ್ದರು.

ಸೊಕೊಲ್ ಸಂಘವು 1990ರಲ್ಲಿ ಮತ್ತೆ ತೆರೆಯಿತು. ಹಳೆಯ ಶಾಖೆಗಳು ಊರೂರಲ್ಲಿ ತಿರುಗಿ ಸೇರಿದವು. ಹೆಂಗಸರೂ ಗಂಡಸರೂ ಮಕ್ಕಳೂ ಕೂಡುವ ಸ್ಲೆಟ್ ಕೂಟಗಳು ಈಗಲೂ ಕೆಲವು ವರ್ಷಗಳಿಗೊಮ್ಮೆ ಪ್ರಾಗ್ ನಗರದಲ್ಲಿ ನಡೆಯುತ್ತವೆ. ಐವತ್ತೇಳನೆಯ ವಯಸ್ಸಿನಲ್ಲಿ ಲಂಡನಿನಿಂದ ಹಿಂದಿರುಗದೆ ಉಳಿದ ಮಾರಿಯೆ ಪ್ರೊವಾಜ್ನೀಕೊವಾ ಅವರು ಅಮೇರಿಕದಲ್ಲಿ ನೆಲೆಸಿದ್ದರು. ತಮ್ಮ ಸಂಘದ ಬಾಗಿಲು ತೆರೆದ ಆ ವರ್ಷ ಅವರಿಗೆ ನೂರು ತುಂಬಿತು. ಮರುವರ್ಷ, 1991ರ ಜನವರಿಯಲ್ಲಿ, ಅವರು ತೀರಿಕೊಂಡರು.